ಪಾರ್ವತಮ್ಮನವರ ಚಿತ್ರಗಳಲ್ಲಿ ಕಾಣದ ಹೆಣ್ಣು

ನಮ್ಮ ಮುರುಗಮಲ್ಲದ ಕಡೆ ಮಾತಿನಲ್ಲಿ ತೆಲುಗು ಬೆರೆತೇ ಇರುತ್ತದೆ. ಆದರೂ ರಾಜ್‌ಕುಮಾರ್ ಚಿತ್ರ ಚಿಂತಾಮಣಿಗೆ ಬಂತೆಂದರೆ ಹೆಂಗಸರೆಲ್ಲ ಬೇಗ ಅಡಿಗೆ ಮುಗಿಸಿ ಬಸ್ಸು ಹತ್ತುತ್ತಿದ್ದೆವು. ಪರದೆಯ ಮೇಲೆ ನಿರ್ಮಾಪಕಿಯ ಹೆಸರು ಬಂದಾಗ, “ಅಣ್ಣಾವ್ರ ಹೆಂಡತಿ” ಎಂದು ಯಾರೋ ಪಿಸುಗುಟ್ಟಿದರೆ ಅಲ್ಲಿಗೆ ಮುಗಿಯಿತು.

ಅಷ್ಟಕ್ಕೇ ಮುಗಿಸುವ ಬದುಕೇ ಅದು? ಸಾಲಿಗ್ರಾಮದ ಪಾರ್ವತಮ್ಮ 1975ರಲ್ಲಿ ‘ತ್ರಿಮೂರ್ತಿ’ಯೊಂದಿಗೆ ನಿರ್ಮಾಣಕ್ಕಿಳಿದರು. ಗಂಡಸರೇ ತುಂಬಿದ್ದ ಗಾಂಧಿನಗರದಲ್ಲಿ ಕಥೆಯ ಆಯ್ಕೆ, ಹಣದ ಲೆಕ್ಕ, ಚಿತ್ರದ ಹಂಚಿಕೆ ಎಲ್ಲವನ್ನೂ ನಿಭಾಯಿಸಿದರು. ‘ಆನಂದ್’ನಲ್ಲಿ ಸುಧಾರಾಣಿ, ‘ಅಪ್ಪು’ವಿನಲ್ಲಿ ರಕ್ಷಿತಾ, ‘ಅಭಿ’ಯಲ್ಲಿ ರಮ್ಯಾ ನಾಯಕಿಯರಾಗಿ ಬಂದದ್ದು ಅವರ ನಿರ್ಮಾಣದಲ್ಲೇ. 2017ರಲ್ಲಿ ತೀರಿಕೊಳ್ಳುವವರೆಗೂ ಅವರ ಮಾತಿಗೆ ಚಿತ್ರರಂಗದಲ್ಲಿ ತೂಕವಿತ್ತು.

ನಾವು ಓದುವ ಕಾದಂಬರಿಗಳ ಬೆಲೆಯನ್ನೂ ಅವರು ಬಲ್ಲವರಾಗಿದ್ದರು. 1992ರ ‘ಜೀವನ ಚೈತ್ರ’ ವಿಶಾಲಾಕ್ಷಿ ದಕ್ಷಿಣಾಮೂರ್ತಿಯವರ ‘ವ್ಯಾಪ್ತಿ ಪ್ರಾಪ್ತಿ’ಯನ್ನು ಆಧರಿಸಿದ್ದು. ಬರೆದವರು ಹೆಣ್ಣು, ಹಣ ಹೂಡಿದವರು ಹೆಣ್ಣು, ಸೆರಗಿನಲ್ಲಿ ಕಣ್ಣೊರೆಸಿಕೊಂಡವರು ನಾವು. ಆದರೆ ಊರಿನ ಹೆಂಡದಂಗಡಿಯ ವಿರುದ್ಧ ನಿಲ್ಲುವವನು ಮಾತ್ರ ನಾಯಕ!

ಅದೇ ಕಾಲಕ್ಕೆ ಗಡಿಯಾಚೆ ಆಂಧ್ರದ ನೆಲ್ಲೂರು ಜಿಲ್ಲೆಯ ದೂಬಗುಂಟದಲ್ಲಿ ಕೂಲಿನಾಲಿ ಮಾಡುವ ಹೆಂಗಸರೇ ಒಟ್ಟಾಗಿ ಸಾರಾಯಿ ಅಂಗಡಿ ಮುಚ್ಚಿಸಿದ್ದರು. ಅವರು ಯಾವ ನಾಯಕನಿಗೂ ಕಾಯಲಿಲ್ಲ. ಶಾಲೆಗೆ ಸೇರಿದ ಹೊಸದರಲ್ಲಿ, ಮಗುವಿನ ಪುಸ್ತಕದ ದುಡ್ಡೂ ಸಾರಾಯಿಗೆ ಹೋಯಿತೆಂದು ತಾಯಂದಿರು ನನ್ನೆದುರು ಅತ್ತಿದ್ದಾರೆ. ಅಂಥವರು ಸಿನಿಮಾದಲ್ಲಿ ತಾವೇ ಎದ್ದು ನಿಂತದ್ದನ್ನು ನೋಡಿದ್ದರೆ!

ಚಿತ್ರ ಕೆಟ್ಟದೆಂದು ನಾನು ಹೇಳುತ್ತಿಲ್ಲ. ‘ನಾದಮಯ’ ಹಾಡಿಗೆ ರಾಜ್‌ಕುಮಾರರಿಗೆ ರಾಷ್ಟ್ರಪ್ರಶಸ್ತಿ ಬಂದದ್ದು ನ್ಯಾಯವೇ. ಜನ ರಾಜ್‌ಕುಮಾರರನ್ನು ನೋಡಲು ಬರುತ್ತಾರೆ, ಕಥೆ ಅವರ ಸುತ್ತಲೇ ತಿರುಗಬೇಕು. ಈ ವ್ಯಾಪಾರದ ಲೆಕ್ಕ ಪಾರ್ವತಮ್ಮನವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತಿತ್ತು? ಆ ಲೆಕ್ಕದಿಂದಲೇ ನೂರಾರು ಮನೆಗಳಲ್ಲಿ ಒಲೆ ಉರಿಯಿತು.

ಆದರೂ ನನ್ನದೊಂದು ಕೊರಗು ಉಳಿದಿದೆ. ಮನೆ ನೋಡಿಕೊಂಡು, ಮಕ್ಕಳನ್ನು ಬೆಳೆಸಿ, ಲೆಕ್ಕಪುಸ್ತಕ ಕೈಗೆತ್ತಿಕೊಂಡು, ಬೇಕು ಬೇಡಗಳನ್ನು ತಾನೇ ತೀರ್ಮಾನಿಸಿದ ಹೆಣ್ಣೊಬ್ಬಳು ನಮ್ಮೆದುರಿಗೇ ಇದ್ದಳು. ಅವಳ ಕಥೆಯನ್ನು ಯಾರೂ ಚಿತ್ರ ಮಾಡಲಿಲ್ಲ, ಅವಳೂ ಮಾಡಲಿಲ್ಲ. ಪಾರ್ವತಮ್ಮನವರ ಚಿತ್ರಗಳಲ್ಲಿ ನಾನು ಹುಡುಕಿ ಕಾಣದೇ ಹೋದದ್ದು ಪಾರ್ವತಮ್ಮನವರನ್ನೇ.