ಊರು ಬಿಟ್ಟವನ ಹಾಡು

ಅರವತ್ತರ ದಶಕದ ಇಂಗ್ಲಿಷ್ ಹಾಡುಗಾರರು ಅಂದರೆ ನಮಗೆಲ್ಲ ನೆನಪಾಗುವುದು ಬೀಟಲ್ಸ್ ಒಂದೇ. ಅದೇ ಕಾಲದ ‘ಕಿಂಕ್ಸ್’ ತಂಡದ ಹೆಸರು ಕೇಳಿದವರು ಕಮ್ಮಿ. ಹಳ್ಳಿಯಲ್ಲಿ ಕೂತು ಓದುವ ನಾವು ಇವರನ್ನೂ ಸ್ವಲ್ಪ ತಿಳಿದುಕೊಳ್ಳಬೇಕು.

ರೇ ಡೇವಿಸ್, ಡೇವ್ ಡೇವಿಸ್ ಉತ್ತರ ಲಂಡನ್ನಿನ ಅಣ್ಣತಮ್ಮಂದಿರು. 1964ರಲ್ಲಿ ‘ಯು ರಿಯಲಿ ಗಾಟ್ ಮಿ’ ಹಾಡು ಬ್ರಿಟನ್ನಿನಲ್ಲಿ ಒಂದನೇ ಸ್ಥಾನಕ್ಕೇರಿತು. ತಮ್ಮ ಡೇವ್ ಸ್ಪೀಕರನ್ನೇ ಬ್ಲೇಡಿನಿಂದ ಸೀಳಿ ಗಿಟಾರಿಗೆ ಒಡಕು ದನಿ ಬರಿಸಿದ್ದರು. ಆಮೇಲೆ ಬಂದ ಅಬ್ಬರದ ರಾಕ್ ಸಂಗೀತಕ್ಕೆ ಅದೊಂದು ದಾರಿಯಾಯಿತು. 1965ರಲ್ಲಿ ಆಸ್ಟ್ರೇಲಿಯಾಕ್ಕೆ ಹೋಗುವಾಗ ಬೊಂಬಾಯಿಯಲ್ಲಿ ತಂಗಿದ ರೇ, ಬೆಳಗಿನ ಹೊತ್ತು ಮೀನುಗಾರರು ಹಾಡುವುದನ್ನು ಕೇಳಿದರು. ‘ಸೀ ಮೈ ಫ್ರೆಂಡ್ಸ್’ ಹಾಡಿನಲ್ಲಿ ಗಿಟಾರು ತಂಬೂರಿಯ ಹಾಗೆ ಮಿಡಿಯುವುದು ಅದರ ಫಲ.

ಅದೇ ವರ್ಷದಿಂದ 1969ರ ತನಕ ಅಮೆರಿಕದಲ್ಲಿ ಹಾಡಲು ಇವರಿಗೆ ಅವಕಾಶ ಸಿಗಲಿಲ್ಲ. ದೊಡ್ಡ ಪೇಟೆಯ ಬಾಗಿಲು ಮುಚ್ಚಿದ ಆ ವರ್ಷಗಳಲ್ಲೇ ರೇ ತಮ್ಮ ನಾಡಿನ ಸಣ್ಣ ಬದುಕನ್ನು ಹಾಡಾಗಿಸಿದರು. 1968ರ ನವೆಂಬರಿನಲ್ಲಿ ‘ವಿಲೇಜ್ ಗ್ರೀನ್ ಪ್ರಿಸರ್ವೇಶನ್ ಸೊಸೈಟಿ’ ಬಂತು. ಊರಿನ ಹಸಿರು ಬಯಲನ್ನು ಉಳಿಸುವ ಸಂಘ ಅಂತ ಅರ್ಥ. ಬೀಟಲ್ಸಿನ ಬಿಳಿ ಹೊದಿಕೆಯ ಆಲ್ಬಮ್ ಹೊರಬಂದದ್ದೂ ಅದೇ ದಿನ. ಇದು ಮಾರಾಟದ ಪಟ್ಟಿಯನ್ನೇ ಸೇರಲಿಲ್ಲ.

ಇದನ್ನು ಹಳೆಯ ಕಾಲದ ಹಂಬಲ ಅಂತ ಬದಿಗಿಡುವವರಿದ್ದಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. ಅದರ ‘ವಿಲೇಜ್ ಗ್ರೀನ್’ ಹಾಡನ್ನೇ ನೋಡಿ. ಹೆಸರು ಗಳಿಸಲು ಹಳ್ಳಿ ಬಿಟ್ಟು ಹೋದವನು ಅಲ್ಲಿ ಹಾಡುತ್ತಾನೆ. ಅವನು ಬಿಟ್ಟುಹೋದ ಡೈಸಿ ಕಿರಾಣಿ ಅಂಗಡಿಯ ಹುಡುಗ ಟಾಮನ್ನು ಮದುವೆಯಾಗಿದ್ದಾಳೆ. ಟಾಮನಿಗೆ ಈಗ ಸ್ವಂತ ಅಂಗಡಿ ಇದೆ. ಊರಿನ ಹಳೇ ಮನೆಗಳು ಪ್ರವಾಸಿಗಳ ಫೋಟೋಕ್ಕೆ ಸಿಕ್ಕಿವೆ. ಅಂದರೆ ಊರು ನಿಂತಿಲ್ಲ, ನಿಂತದ್ದು ಬಿಟ್ಟುಹೋದವನ ನೆನಪು ಮಾತ್ರ. ಈ ಸತ್ಯ ಕವಿಗೆ ಗೊತ್ತಿದೆ, ಹಾಗಾಗಿಯೇ ಹಾಡಿನಲ್ಲಿ ಸಿಹಿಯ ಜತೆ ಒಂದು ಚುಚ್ಚೂ ಇದೆ.

ಕೊರತೆಯೂ ಇಲ್ಲೇ ಇದೆ. ಡೈಸಿ, ಟಾಮ್ ತಮ್ಮ ಬಾಯಿಂದ ಒಂದು ಮಾತೂ ಆಡುವುದಿಲ್ಲ. ಊರಲ್ಲೇ ಉಳಿದು ದುಡಿದವರ ಕಡೆಯಿಂದ ಊರು ಹೇಗೆ ಕಾಣುತ್ತದೆ ಅನ್ನುವುದು ಆ ಹಾಡಿನಲ್ಲಿ ಸಿಗುವುದಿಲ್ಲ.

ಆದರೂ ಆಗ ಯಾರಿಗೂ ಬೇಡವಾದ ಈ ಆಲ್ಬಮನ್ನೇ ಇವತ್ತು ವಿಮರ್ಶಕರು ಅವರ ಶ್ರೇಷ್ಠ ಕೆಲಸಗಳಲ್ಲಿ ಎಣಿಸುತ್ತಾರೆ. ತೊಂಬತ್ತರ ದಶಕದ ಬ್ಲರ್ ತಂಡದ ಹಾಡುಗಳಲ್ಲಿ ಇದರ ಗುರುತು ಕಾಣುತ್ತದೆ. ಊರು ಉಳಿಸಬೇಕು ಅಂತ ನಾವೂ ಮಾತಾಡುತ್ತೇವಲ್ಲ, ಆಗ ಮೊದಲು ಕೇಳಬೇಕಾದದ್ದು ಟಾಮನ ಅಂಗಡಿಯಲ್ಲಿ.