ಲಾಳಿ ಮರಳಿದಾಗ ಕತ್ತರಿ

ಕೆಲವೇ ಸೆಕೆಂಡಿನ ಕ್ಲಿಪ್ ಮುಗಿದದ್ದೇ ಗೊತ್ತಾಗದಂತೆ ಮತ್ತೆ ಮೊದಲಿನಿಂದ ಓಡುತ್ತಿದ್ದರೆ ಅದು ಒಳ್ಳೆಯ ಲೂಪ್. ಕಷ್ಟವೆಲ್ಲ ಕೊನೆಯ ಫ್ರೇಮ್ ಮೊದಲ ಫ್ರೇಮಿಗೆ ಕೂಡುವ ಜಾಗದಲ್ಲಿದೆ. ಅಲ್ಲಿ ಚಿತ್ರ ಹೊಂದಿದರೆ ಸಾಲದು, ಚಲನೆಯ ದಿಕ್ಕು, ವೇಗಗಳೂ ಹೊಂದಬೇಕು.

ಬೆಳಗಾವಿಯಲ್ಲಿ ಇದನ್ನು ಕಲಿಯಲು ವಡಗಾವಿ, ಶಹಾಪುರದ ಮಗ್ಗಗಳಿಗಿಂತ ಒಳ್ಳೆಯ ಪಾಠಶಾಲೆ ಇಲ್ಲ. ಸಾದಾ ನೇಯ್ಗೆಯಲ್ಲಿ ಲಾಳಿ ಅತ್ತ ಹೋಗಿ ಇತ್ತ ಬಂದಾಗಲೇ ಒಂದು ಸುತ್ತು ಪೂರ್ತಿ. ಹಾಸಿನ ಎಳೆಗಳೂ ಅಷ್ಟೇ, ಒಂದು ಹೊಕ್ಕಿಗೆ ಮೇಲೆದ್ದವು ಮುಂದಿನದಕ್ಕೆ ಕೆಳಗಿಳಿಯುತ್ತವೆ. ವಿದ್ಯುತ್ ಮಗ್ಗವೊಂದು ನಿಮಿಷಕ್ಕೆ 120 ಹೊಕ್ಕು ಹಾಕುತ್ತದೆ ಎಂದಿಟ್ಟುಕೊಳ್ಳೋಣ. ಸೆಕೆಂಡಿಗೆ 25 ಫ್ರೇಮಿನ ವಿಡಿಯೊದಲ್ಲಿ ಒಂದು ಹೊಕ್ಕಿಗೆ ಹನ್ನೆರಡೂವರೆ ಫ್ರೇಮ್. ಅರ್ಧ ಫ್ರೇಮನ್ನು ಕತ್ತರಿಸಲು ಬರುವುದಿಲ್ಲ. ಎರಡು ಹೊಕ್ಕಿಗೆ ಸರಿಯಾಗಿ 25. ಮೊದಲ ಫ್ರೇಮಿನಲ್ಲಿದ್ದ ಲಾಳಿ 26ರಲ್ಲಿ ಅದೇ ಜಾಗಕ್ಕೆ ಮರಳುತ್ತದೆ. ಕತ್ತರಿ ಬೀಳಬೇಕಾದ್ದು 25ರ ನಂತರ. 26ನ್ನೂ ಉಳಿಸಿಕೊಂಡರೆ ಒಂದೇ ಚಿತ್ರ ಎರಡು ಸಲ ಬಂದು ಮಗ್ಗ ಮುಗ್ಗರಿಸಿದಂತೆ ಕಾಣುತ್ತದೆ. ಉಳಿದೆಲ್ಲ ಚೆನ್ನಾಗಿರುವ ಲೂಪನ್ನೂ ಈ ಒಂದು ಫ್ರೇಮ್ ಕೆಡಿಸುತ್ತದೆ.

ನಿಜವಾದ ಮಗ್ಗ ಇಷ್ಟು ಲೆಕ್ಕಕ್ಕೆ ಸಿಗುವುದಿಲ್ಲ. ಫೋನನ್ನು ಟ್ರೈಪಾಡ್ ಮೇಲಿಟ್ಟು ಹಲವು ಸುತ್ತುಗಳನ್ನು ಚಿತ್ರಿಸಿಕೊಂಡು, ಒಂದನ್ನೊಂದು ಅತಿ ಹೆಚ್ಚು ಹೋಲುವ ಫ್ರೇಮ್‌ಗಳ ಜೋಡಿಯನ್ನು ಒಂದೊಂದೇ ಫ್ರೇಮ್ ಸರಿಸಿ ಹುಡುಕಬೇಕು. 2000ದಲ್ಲಿ ಆರ್ನೊ ಶೋಡ್ಲ್ ಮತ್ತು ಸಂಗಡಿಗರು ‘ವಿಡಿಯೊ ಟೆಕ್ಸ್ಚರ್ಸ್’ ಪ್ರಬಂಧದಲ್ಲಿ ಈ ಹುಡುಕಾಟವನ್ನು ಕಂಪ್ಯೂಟರಿಗೆ ಒಪ್ಪಿಸಿದರು. ಅವರ ವಿಧಾನ ಅಕ್ಕಪಕ್ಕದ ಫ್ರೇಮ್‌ಗಳನ್ನೂ ಹೋಲಿಸಿ ನೋಡುತ್ತಿತ್ತು. ಹೋಗುವ ಲಾಳಿಗೂ ಬರುವ ಲಾಳಿಗೂ ವ್ಯತ್ಯಾಸ ತಿಳಿಯುವುದು ಹಾಗೆಯೇ. ಸೀರೆಯಲ್ಲಿ ಬುಟ್ಟಾ ಇದ್ದರೆ ಅದನ್ನು ಚೌಕಟ್ಟಿನ ಹೊರಗಿಡಬೇಕು. ಬಟ್ಟೆ ಮುಂದೆ ಸರಿಯುತ್ತಲೇ ಇರುವುದರಿಂದ ಬುಟ್ಟಾ ಪ್ರತಿ ಸುತ್ತಿಗೂ ಹಿಂದಕ್ಕೆ ಹಾರುತ್ತದೆ. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದಾದ್ದರಿಂದ ಷಟರ್ 1/50 ಅಥವಾ 1/100ಕ್ಕೆ ಇದ್ದರೆ ಟ್ಯೂಬ್‌ಲೈಟಿನ ಮಿಣುಕು ತೊಂದರೆ ಕೊಡದು. ಫೋನಿನ ಎಕ್ಸ್‌ಪೋಶರ್, ಫೋಕಸ್ ಎರಡನ್ನೂ ಲಾಕ್ ಮಾಡಲೇಬೇಕು.

ಬೆಳಗಾವಿ ಜಿಲ್ಲೆಯ ಖಾನಾಪುರ ಕುಂಬಾರಿಕೆಗೆ ಹೆಸರಾದ ಊರು. ಖಾದಿ ಮತ್ತು ಗ್ರಾಮೋದ್ಯೋಗ ಆಯೋಗದ ಕುಂಬಾರಿಕೆ ಸಂಸ್ಥೆಯೂ ಅಲ್ಲಿದೆ. ತಿಗರಿ ಸುತ್ತುತ್ತದೆ, ಲೂಪ್ ಸುಲಭ ಎನಿಸುತ್ತದೆ. ಆದರೆ ಏರುತ್ತಿರುವ ಗಡಿಗೆ ಹಿಂದಿನ ಆಕಾರಕ್ಕೆ ಮರಳುವುದಿಲ್ಲ. ಕೈ ಒಂದೇ ಕಡೆ ನಿಂತು ಬಾಯಂಚನ್ನು ನಯಗೊಳಿಸುವ ಹೊತ್ತನ್ನು ಹಿಡಿಯಬೇಕು. ಕೋಲಿನಿಂದ ತಿರುಗಿಸಿ ಬಿಟ್ಟ ತಿಗರಿಯ ವೇಗ ಇಳಿಯುತ್ತಾ ಹೋಗುತ್ತದೆ, ವಿದ್ಯುತ್ ತಿಗರಿಯದು ಹಾಗಲ್ಲ.

ಖಾನಾಪುರ ತಾಲ್ಲೂಕಿನ ವಜ್ರಪೋಹಾ ಜಲಪಾತಕ್ಕೆ, ಅಸೋಗಾದಲ್ಲಿ ಬಂಡೆಗಳ ನಡುವೆ ಹರಿಯುವ ಮಲಪ್ರಭೆಗೆ ಸುತ್ತು ಎಂಬುದೇ ಇಲ್ಲ. ಇಲ್ಲಿ ಉಪಾಯ ಬೇರೆ. ಹತ್ತು ಸೆಕೆಂಡಿನ ಕ್ಲಿಪ್ಪನ್ನು ನಡುವೆ ಕತ್ತರಿಸಿ, ಎರಡನೆಯ ಅರ್ಧವನ್ನು ಮೊದಲಿಗಿಟ್ಟು, ಅದರ ಕೊನೆಯ ಒಂದು ಸೆಕೆಂಡಿನ ಮೇಲೆ ಇನ್ನೊಂದು ಅರ್ಧದ ಆರಂಭವನ್ನು ಕ್ರಾಸ್ ಡಿಸಾಲ್ವ್‌ನಿಂದ ಬೆರೆಸಬೇಕು. ಒಂಬತ್ತು ಸೆಕೆಂಡ್ ಉಳಿಯುತ್ತದೆ. ಈಗ ಲೂಪಿನ ಕೊನೆ ಮತ್ತು ಮೊದಲು ಮೂಲದಲ್ಲಿ ಅಕ್ಕಪಕ್ಕವೇ ಇದ್ದ ಫ್ರೇಮ್‌ಗಳು, ಹಾಗಾಗಿ ಅಲ್ಲಿ ಮುಚ್ಚಿಡುವಂಥದ್ದೇನೂ ಇಲ್ಲ. ಬೆಸುಗೆ ಕ್ಲಿಪ್ಪಿನ ಹೊಟ್ಟೆಯೊಳಗೆ ಸೇರಿತು. ನೊರೆಯಲ್ಲಿ ಅದು ಕಾಣುವುದಿಲ್ಲ. ಬಂಡೆಯ ಮೇಲೆ ಮನುಷ್ಯರಿದ್ದರೆ ಮಾತ್ರ ಅವರು ದೆವ್ವದಂತೆ ಮಸುಕಾಗಿ ಮೂಡುತ್ತಾರೆ. ಮುಂದೆ ಓಡಿಸಿ ಹಿಂದೆ ಓಡಿಸುವ ಬೂಮರ‍್ಯಾಂಗ್ ತಂತ್ರ ಉಯ್ಯಾಲೆಗೆ ಒಪ್ಪುತ್ತದೆ. ನೀರನ್ನು ಮೇಲಕ್ಕೆ ಹತ್ತಿಸುವ ಅದನ್ನು ಜಲಪಾತದ ಹತ್ತಿರ ತರಲೇಬಾರದು.

ಸದ್ದನ್ನು ಪ್ರತ್ಯೇಕವಾಗಿ ಜೋಡಿಸುವುದು ಮೇಲು. ನೀರಿನ ಸದ್ದನ್ನು ಬೆರೆಸಬಹುದು, ಮಗ್ಗದ್ದನ್ನು ಎರಡು ಬಡಿತಗಳ ನಡುವಿನ ಬಿಡುವಿನಲ್ಲಿ ಕತ್ತರಿಸಬೇಕು. 1987ರಲ್ಲಿ ಬಂದ ಜಿಫ್‌ನಲ್ಲಿ ಸದ್ದೇ ಇಲ್ಲ, ಒಂದು ಫ್ರೇಮಿಗೆ ಹೆಚ್ಚೆಂದರೆ 256 ಬಣ್ಣ. ಫ್ರೇಮಿನ ಅವಧಿಯನ್ನು ಅದು ಸೆಕೆಂಡಿನ ನೂರನೇ ಭಾಗದಲ್ಲಿ ಎಣಿಸುವುದರಿಂದ 25 ಫ್ರೇಮಿನ ವೇಗ ಸರಿಯಾಗಿ ಕೂರುತ್ತದೆ, 30ರದು ಕೂರುವುದಿಲ್ಲ. ಜರಿಯ ಹೊಳಪು, ಮಳೆಗಾಲದ ಆಕಾಶದ ಛಾಯೆ ಉಳಿಯಬೇಕಾದರೆ ಎಂಪಿ4 ಕಡತವೇ ಸರಿ.