ಒಂದು ಕೈಯ ಅಭಿನಯ

ಪೋಷಕ ನಟನ ಪಾಡು ವಿಚಿತ್ರವಾದುದು. ಚಿತ್ರದ ಭಾರವನ್ನು ಹೊರುವವರಲ್ಲಿ ಅವನೂ ಒಬ್ಬ. ಕೀರ್ತಿ ಮಾತ್ರ ನಾಯಕನ ಪಾಲು. ಹಾಗಾದರೆ ನಾಯಕನೆಂಬವನೇ ಇಲ್ಲದ ಚಿತ್ರದಲ್ಲಿ ಅವನ ಗತಿ ಏನು? ಹಂಗೇರಿಯ ಬೇಲಾ ತಾರನ ಚಿತ್ರಗಳು ಬಹುಮಟ್ಟಿಗೆ ಈ ಬಗೆಯವು. ಮಳೆ, ಗಾಳಿ, ಕೆಸರು, ಗೋಡೆಗಳನ್ನು ಅಲ್ಲಿ ಕ್ಯಾಮೆರಾ ಮನುಷ್ಯರಷ್ಟೇ ಆದರದಿಂದ ನೋಡುತ್ತದೆ. ಈ ಚಿತ್ರಗಳಲ್ಲಿ ನಟರು ನಟಿಸುವುದಿಲ್ಲ, ಮೇಜು ಕುರ್ಚಿಗಳಂತೆ ಇಟ್ಟಲ್ಲಿ ಇರುತ್ತಾರೆ ಎಂಬ ಆಕ್ಷೇಪಣೆಯುಂಟು. ಅದು ಸರಿಯಲ್ಲವೆಂದು ನನ್ನ ಎಣಿಕೆ. ಯಾನೋಶ್ ದೆರ್ಜಿ ಎಂಬ ನಟನೇ ನನ್ನ ಸಾಕ್ಷಿ.

೧೯೫೪ರಲ್ಲಿ ಹುಟ್ಟಿದ ದೆರ್ಜಿ, ೧೯೮೪ರಿಂದ ೨೦೧೧ರವರೆಗೆ ತಾರನ ಐದು ಚಿತ್ರಗಳಲ್ಲಿ ಕಾಣಿಸಿಕೊಂಡಿದ್ದಾನೆ. ಈ ಐದನ್ನೂ ಸಾಲಾಗಿ ನೋಡಿದವರಿಗೆ ಒಂದು ಸಂಗತಿ ಹೊಳೆಯದಿರದು. ಪ್ರತಿ ಚಿತ್ರದಲ್ಲೂ ನಟನ ಕೈಯಿಂದ ಒಂದೊಂದು ಸಾಧನವನ್ನು ಕಿತ್ತುಕೊಳ್ಳಲಾಗಿದೆ.

ಮೊದಲನೆಯದಾದ ‘ಶರತ್ಕಾಲದ ಪಂಚಾಂಗ’ದಲ್ಲಿ (೧೯೮೪) ಎಲ್ಲವೂ ಇತ್ತು. ಒಂದು ಹಳೆಯ ಮನೆ, ಅದರಲ್ಲಿ ಐದು ಜನ. ಒಬ್ಬರ ಮೇಲೊಬ್ಬರಿಗೆ ನಂಬಿಕೆಯಿಲ್ಲ. ಮನೆಯೊಡತಿಯ ಮಗನಾಗಿ, ತಾಯಿಯ ಹಣದ ಮೇಲೆ ಕಣ್ಣಿಟ್ಟವನಾಗಿ ದೆರ್ಜಿ ನಟಿಸಿದ. ಪಾತ್ರದ ಹೆಸರೂ ಯಾನೋಶ್ ಎಂದೇ. ಬೇಕಾದಷ್ಟು ಮಾತು, ಬೇಕಾದಷ್ಟು ಸಿಟ್ಟು, ಜೊತೆಗೆ ಬಣ್ಣದ ಬೆಳಕು. ನಟನೊಬ್ಬನಿಗೆ ಇನ್ನೇನು ಬೇಕು?

ಹತ್ತು ವರ್ಷಗಳ ಮೇಲೆ ಬಂದ ‘ಸಾತಾನ್‌ಟ್ಯಾಂಗೋ’ ಏಳು ಗಂಟೆಗಳನ್ನೂ ಮೀರಿದ ಚಿತ್ರ. ೨೦೨೫ರಲ್ಲಿ ನೊಬೆಲ್ ಪಾರಿತೋಷಕ ಪಡೆದ ಲಾಸ್ಲೋ ಕ್ರಾಸ್ನಹೋರ್ಕಯಿಯ ಕಾದಂಬರಿ ಅದರ ಮೂಲ. ವಂಚಕನೊಬ್ಬನ ಮಾತಿಗೆ ಮರುಳಾಗಿ ಇದ್ದ ಹಣವನ್ನೂ ಅವನ ಕೈಗಿಟ್ಟು ಊರು ಬಿಡುವ ಬಡವರಲ್ಲಿ ದೆರ್ಜಿಯ ಕ್ರಾನೆರ್ ಒಬ್ಬ. ಇಲ್ಲಿ ಅವನು ಗುಂಪಿನಲ್ಲಿ ಗೋವಿಂದ. ‘ವೆರ್ಕ್‌ಮೈಸ್ಟರ್ ಸ್ವರಮೇಳಗಳು’ (೨೦೦೦) ಚಿತ್ರದಲ್ಲಿ ಪಾತ್ರಕ್ಕೆ ಹೆಸರೇ ಇಲ್ಲ. ದಪ್ಪ ಬಟ್ಟೆಯ ಕೋಟು ತೊಟ್ಟ ಒಬ್ಬ ಮನುಷ್ಯ, ಅಷ್ಟೆ. ‘ಲಂಡನ್ನಿನಿಂದ ಬಂದವನು’ (೨೦೦೭) ಚಿತ್ರದಲ್ಲಿ ಬ್ರೌನ್ ಎಂಬ ಹೆಸರೇನೋ ಸಿಕ್ಕಿತು, ಮಾತು ಹೋಯಿತು. ಬ್ರೌನ್ ಹಣ ಕಳೆದುಕೊಂಡು ಸುಳಿದಾಡುವ ಒಂದು ನೆರಳು. ಕೊನೆಗೆ ಅವನು ಸಾಯುವುದು ಸಮುದ್ರತೀರದ ಒಂದು ಗುಡಿಸಿಲಿನೊಳಗೆ. ಕ್ಯಾಮೆರಾ ಹೊರಗೇ ನಿಂತು ಮುಚ್ಚಿದ ಬಾಗಿಲನ್ನು ನೋಡುತ್ತಿರುತ್ತದೆ. ಸಾಯುವ ದೃಶ್ಯಕ್ಕಾಗಿ ನಟರು ಹಂಬಲಿಸುವುದುಂಟು. ದೆರ್ಜಿಗೆ ಅದನ್ನೂ ಕೊಡಲಿಲ್ಲ.

ಉಳಿದುದು ‘ಟ್ಯೂರಿನ್ ಕುದುರೆ’ (೨೦೧೧). ೧೮೮೯ರ ಜನವರಿ ೩ರಂದು ಟ್ಯೂರಿನ್ನಿನಲ್ಲಿ ಚಾಟಿಯೇಟು ತಿನ್ನುತ್ತಿದ್ದ ಕುದುರೆಯ ಕೊರಳನ್ನು ತತ್ತ್ವಜ್ಞಾನಿ ನೀಚೆ ಅಪ್ಪಿಕೊಂಡನೆಂಬ ಕಥೆ ಪ್ರಸಿದ್ಧವಾದುದು. ನೀಚೆಯ ಗತಿ ಎಲ್ಲರಿಗೂ ಗೊತ್ತು. ಕುದುರೆ ಏನಾಯಿತು ಎಂಬ ಪ್ರಶ್ನೆಯಿಂದ ಚಿತ್ರ ಹೊರಡುತ್ತದೆ. ೧೪೬ ನಿಮಿಷ, ಕೇವಲ ೩೦ ದೃಶ್ಯಖಂಡಗಳು, ಆರು ದಿನಗಳ ಕಥೆ. ಗಾಡಿಯವನಾಗಿ ದೆರ್ಜಿ, ಮಗಳಾಗಿ ಎರಿಕಾ ಬೋಕ್. ಗಾಡಿಯವನ ಬಲಗೈಯಲ್ಲಿ ಸ್ವಾಧೀನವಿಲ್ಲ. ತಾರನು ಕಿತ್ತುಕೊಂಡ ಕೊನೆಯ ಸಾಧನ ಇದು.

ನಮ್ಮ ಲಾಕ್ಷಣಿಕರು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ವಿಕ ಎಂದು ನಾಲ್ಕಾಗಿ ವಿಂಗಡಿಸಿದರು. ಇಲ್ಲಿ ವಾಚಿಕ ಅತ್ಯಲ್ಪ. ಆಹಾರ್ಯ ಮಗಳು ತೊಡಿಸುವ ಮಾಸಿದ ಬಟ್ಟೆ. ಆಂಗಿಕಕ್ಕೆ ಒಂದೇ ಕೈ. ಆ ಒಂದು ಕೈಯಿಂದ ಅವನು ಆಲೂಗೆಡ್ಡೆ ತಿನ್ನುವುದನ್ನು ನೋಡಬೇಕು. ಬೆಂದ ಗೆಡ್ಡೆ, ಆರುವಷ್ಟು ತಾಳ್ಮೆಯಿಲ್ಲ. ಉಗುರಿನಿಂದ ಸಿಪ್ಪೆ ಸುಲಿದು, ಊದಿ, ಹಿಚುಕಿ, ಉಪ್ಪು ಹಾಕಿ ಬಾಯಿಗಿಡುತ್ತಾನೆ. ತಿಂದಾದ ಮೇಲೆ ಕಿಟಕಿಯ ಮುಂದೆ ಕೂಡುತ್ತಾನೆ. ಅವನ ಹಸಿವು, ಒರಟುತನ, ಮಗಳ ಮೇಲಿನ ಯಜಮಾನಿಕೆ ಎಲ್ಲವೂ ಆ ತಿನ್ನುವಿಕೆಯಲ್ಲೇ ಇವೆ. ಬರಿಯ ಮೇಜು ಕುರ್ಚಿ ಇದನ್ನು ಮಾಡಲಾರದು. ಇದೇ ಊಟ ದಿನದಿಂದ ದಿನಕ್ಕೆ ಮರಳಿ ಬರುತ್ತದೆ. ಆದರೆ ದೆರ್ಜಿ ಅದನ್ನು ಪ್ರತಿಸಲವೂ ಕೊಂಚ ಬೇರೆಯಾಗಿ ಉಣ್ಣುತ್ತಾನೆ. ಮನೆಗೆ ಬಂದವನೊಬ್ಬ ಲೋಕವೇ ಹಾಳಾಯಿತೆಂದು ದೀರ್ಘವಾಗಿ ಭಾಷಣ ಮಾಡಿದಾಗ, ಅದೆಲ್ಲ ಹುರುಳಿಲ್ಲದ ಮಾತೆಂದು ಇವನು ಒಂದೇ ಉಸಿರಿನಲ್ಲಿ ತಳ್ಳಿಹಾಕುತ್ತಾನೆ. ಆ ಮಾತಿಗೆ ತೂಕ ಬಂದುದು ಅದರ ಹಿಂದಿನ ಮೌನದಿಂದ.

ಒಂದು ಕೊರತೆಯನ್ನು ಹೇಳದಿರುವುದು ನ್ಯಾಯವಲ್ಲ. ಇಷ್ಟು ಕಠಿಣವಾದ ವ್ರತದಲ್ಲಿ ನಗೆಗೆ ಎಡೆಯೇ ಇಲ್ಲ. ‘ಸಾತಾನ್‌ಟ್ಯಾಂಗೋ’ದ ಹೆಂಡದಂಗಡಿಯಲ್ಲಿ ಕುಡಿದು ಕುಣಿಯುವ ಜನರನ್ನು ಕಂಡಾಗ ನಮಗೆ ಮರುಕದ ಜೊತೆಗೆ ನಗೆಯೂ ಬರುತ್ತದೆ. ಗಾಡಿಯವನನ್ನು ಕಂಡು ಮರುಕಪಡಬಹುದು, ಹೆದರಬಹುದು, ನಗಲಾರೆವು. ಬಡವನ ಬಾಳಿನಲ್ಲಿ ನಗೆ ಅಷ್ಟೊಂದು ದುರ್ಲಭವೇ ಎಂದು ಕೇಳಬೇಕಾಗುತ್ತದೆ.

ಆದರೂ ಆರನೆಯ ದಿನದ ದೃಶ್ಯದ ಮುಂದೆ ಈ ದೂರು ನಿಲ್ಲುವುದಿಲ್ಲ. ಬಾವಿ ಬತ್ತಿದೆ, ದೀಪ ಹತ್ತುವುದಿಲ್ಲ, ಒಲೆಯ ಕೆಂಡವೂ ಆರಿದೆ. ತಟ್ಟೆಯಲ್ಲಿ ಹಸಿ ಆಲೂಗೆಡ್ಡೆ. ತಿನ್ನಲೇಬೇಕೆಂದು ತಂದೆ ಮಗಳಿಗೆ ಹೇಳುತ್ತಾನೆ, ಅವಳು ಅಲುಗುವುದಿಲ್ಲ. ಅಷ್ಟು ದಿನ ಆಜ್ಞೆಯಾಗಿದ್ದ ಆ ದನಿ ಇಲ್ಲಿ ಹೆಚ್ಚುಕಡಿಮೆ ಬೇಡಿಕೆಯಾಗಿದೆ. ಮುಖ ಕತ್ತಲಲ್ಲಿದೆ, ಕೈ ಸುಮ್ಮನಿದೆ. ಎಲ್ಲವನ್ನೂ ಕಳೆದ ಮೇಲೆ ಉಳಿಯುವ ಸಾತ್ವಿಕವೆಂದರೆ ಇದೇ ಇರಬೇಕು.